ಸ್ಪಷ್ಟನೆ: ನಿಶೆಲ್ ನಿಕೋಲ್ಸ್ ಗಗನಯಾತ್ರಿ ಆಗಿರಲಿಲ್ಲ

ಬಾಹ್ಯಾಕಾಶದ ಕಥೆ ಹೇಳುವ ಅಮೆರಿಕದ ಟಿವಿ ಧಾರಾವಾಹಿ ‘ಸ್ಟಾರ್ ಟ್ರೆಕ್’ನಲ್ಲಿ (1966–69) ಉಹುರಾ ಪಾತ್ರ ಮಾಡಿದ ನಿಶೆಲ್ ನಿಕೋಲ್ಸ್, ನಾಸಾ ಗಗನಯಾತ್ರಿಯಾಗಿ ಬಾಹ್ಯಾಕಾಶಕ್ಕೆ ಹೋಗಿಬಂದರು ಎಂಬ ಮಾತು ಹರಿದಾಡುತ್ತಿದೆ. ಅದು ನಿಜವಲ್ಲ.

ಅವರು ಮಾಡಿದ್ದು ಬೇರೆ, ನಮ್ಮ ಪ್ರಕಾರ ಅದಕ್ಕಿಂತಲೂ ದೊಡ್ಡ ಕೆಲಸ. 1977ರಲ್ಲಿ ನಾಸಾ ಪರವಾಗಿ ಅಮೆರಿಕ ಸುತ್ತಿ, ಷಟಲ್ (ಮರುಬಳಕೆಯ ಬಾಹ್ಯಾಕಾಶ ನೌಕೆ) ಯಾನಗಳಿಗೆ ಮಹಿಳೆಯರೂ ಕಪ್ಪು ಸಮುದಾಯದವರೂ ಅರ್ಜಿ ಹಾಕುವಂತೆ ಹುರಿದುಂಬಿಸಿದರು. 1978ರ ಜನವರಿಯಲ್ಲಿ ಆಯ್ಕೆಯಾದ 35 ಮಂದಿಯಲ್ಲಿ 6 ಮಹಿಳೆಯರು, 3 ಆಫ್ರಿಕನ್ ಅಮೆರಿಕನ್ನರು ಇದ್ದರು. ಬಾಹ್ಯಾಕಾಶಕ್ಕೆ ಹೋದ ಮೊದಲ ಅಮೆರಿಕನ್ ಮಹಿಳೆ ಸ್ಯಾಲಿ ರೈಡ್, ಮೊದಲ ಆಫ್ರಿಕನ್ ಅಮೆರಿಕನ್ ಗಯಾನ್ ಬ್ಲೂಫೋರ್ಡ್ ಆ ತಂಡದವರೇ.

ಗೊಂದಲ ಹುಟ್ಟಿದ್ದು ಬಹುಶಃ 2015ರಲ್ಲಿ ಅವರು ನಾಸಾದ ‘ಸೋಫಿಯಾ’ ಏರಿದ್ದರಿಂದ. ಅದು ದೂರದರ್ಶಕ ಹೊತ್ತ ಬೋಯಿಂಗ್ 747 ವಿಮಾನ. ಹಾರುತ್ತಿದ್ದುದು ಸುಮಾರು 12–14 ಕಿ.ಮೀ. ಎತ್ತರದಲ್ಲಿ. ಬಾಹ್ಯಾಕಾಶದ ಗಡಿಯೆಂದು ಸಾಮಾನ್ಯವಾಗಿ ಎಣಿಸುವುದು 100 ಕಿ.ಮೀ.