ಹಾರೋದು ತೋರಿಸಿದ್ರಿ, ಮಡಚೋದು ಯಾಕೆ ತೋರಿಸಲಿಲ್ಲ?

ಇನ್ನೊಂದು ಬೇಸ್ ಜಂಪಿಂಗ್ ಸಾಕ್ಷ್ಯಚಿತ್ರ ಈಗಷ್ಟೇ ಮುಗೀತು. ಬೇಸ್ ಅಂದ್ರೆ ವಿಮಾನದಿಂದಲ್ಲ, ಬಂಡೆ, ಕಟ್ಟಡ, ಸೇತುವೆಗಳ ಮೇಲಿಂದ ಪ್ಯಾರಾಚೂಟ್ ಕಟ್ಟಿಕೊಂಡು ಹಾರೋದು. ಮಂಜು, ಪಿಟೀಲು, ನಿಧಾನಗತಿಯ ಜಿಗಿತ, ‘ಸಾವಿನ ಜೊತೆ ಸರಸ’ ಅನ್ನೋ ಧಾಟಿಯ ಹಿನ್ನೆಲೆ ದನಿ. ಹೊರಗಿನವರು ತೆಗೆದಿದ್ರೆ ಪಾಪ, ಗೊತ್ತಿಲ್ಲ ಅಂತ ಬಿಟ್ಟುಬಿಡ್ತಿದ್ದೆ. ನಿರ್ದೇಶಕ ಸ್ವತಃ ವರ್ಷಗಟ್ಟಲೆ ಹಾರಿದವನು! ಆದ್ರೂ ಪ್ಯಾರಾಚೂಟ್ ಪ್ಯಾಕ್ ಮಾಡೋ ದೃಶ್ಯ ಕಣ್ಣು ಮಿಟುಕಿಸೋದರಲ್ಲಿ ಮಾಯ.

ವಿಮಾನದಿಂದ ಹಾರುವವರ ಬೆನ್ನಲ್ಲಿ ಎರಡು ಪ್ಯಾರಾಚೂಟ್ ಇರುತ್ತೆ, ಒಂದು ಕೈಕೊಟ್ರೆ ಇನ್ನೊಂದು. ಬೇಸ್‌ನಲ್ಲಿ ಒಂದೇ. ಎರಡನೆಯದನ್ನ ಬಿಚ್ಚೋಕೆ ಎತ್ತರವೂ ಇಲ್ಲ, ಹೊತ್ತೂ ಇಲ್ಲ. ಹಾಗಾಗಿ ಜೀವದ ಲೆಕ್ಕಾಚಾರ ಬಹುಪಾಲು ಮುಗಿಯೋದು ಪ್ಯಾಕಿಂಗ್‌ನಲ್ಲೇ.

ಎತ್ತರ ಕಡಿಮೆ, ಒಂದೆರಡು ಸೆಕೆಂಡಿನಲ್ಲೇ ಬಿಚ್ಚಬೇಕು ಅಂದ್ರೆ 42ರಿಂದ 48 ಇಂಚಿನ ಪೈಲಟ್ ಚೂಟ್ (ಮುಖ್ಯ ಪ್ಯಾರಾಚೂಟನ್ನ ಹೊರಗೆಳೆಯೋ ಪುಟ್ಟ ಪ್ಯಾರಾಚೂಟ್) ಬೇಕು. ವೇಗ ಇನ್ನೂ ಏರಿರಲ್ಲ, ಗಾಳಿ ಹಿಡಿದು ಕ್ಯಾನೊಪಿಯನ್ನ, ಅಂದ್ರೆ ಪ್ಯಾರಾಚೂಟಿನ ದೊಡ್ಡ ಬಟ್ಟೆಯನ್ನ, ಹೊರಗೆಳೆಯೋಕೆ ಅಷ್ಟು ಅಗಲ ಇರಲೇಬೇಕು. ದೊಡ್ಡ ಬಂಡೆಯಿಂದ ಐದಾರು ಸೆಕೆಂಡು ಬೀಳೋದಾದ್ರೆ 32ರಿಂದ 38 ಇಂಚು ಸಾಕು. ಆ ವೇಗದಲ್ಲಿ ದೊಡ್ಡದನ್ನ ಎಸೆದ್ರೆ ಎಳೆತ ವಿಪರೀತವಾಗಿ ಕ್ಯಾನೊಪಿ ಓರೆಯಾಗಿ ಅರಳಬಹುದು. ಸ್ಲೈಡರ್ ಅಂತ ಒಂದು ಚೌಕದ ಬಟ್ಟೆ ಇರುತ್ತೆ. ವೇಗ ಹೆಚ್ಚಿದ್ದಾಗ ಹಗ್ಗಗಳ ಮೇಲಿಂದ ಜಾರುತ್ತಾ ಬಂದು ಬಿಚ್ಚುವಿಕೆಯ ಹೊಡೆತ ತಗ್ಗಿಸುತ್ತೆ. ಕಡಿಮೆ ಎತ್ತರದ ಜಿಗಿತದಲ್ಲಿ ಅದೇ ಸ್ಲೈಡರ್ ಮೇಲಿದ್ರೆ, ಕ್ಯಾನೊಪಿ ಪೂರ್ತಿ ಅರಳೋ ಮೊದಲೇ ನೆಲ. ಅದಕ್ಕೇ ಅಲ್ಲಿ ಅದನ್ನ ಕೆಳಗಿಳಿಸಿ ಕಟ್ತಾರೆ, ಇಲ್ಲ ತೆಗೆದೇ ಹಾಕ್ತಾರೆ.

ಇನ್ನು ಬ್ರೇಕ್, ಅಂದ್ರೆ ಕ್ಯಾನೊಪಿಯ ಹಿಂದಿನ ಅಂಚನ್ನ ಕೆಳಗೆಳೆದು ವೇಗ ತಗ್ಗಿಸೋ ಹಗ್ಗ. ಕ್ಯಾನೊಪಿ ಅರಳಿದಾಗ ಮುಖ ಬಂಡೆಯ ಕಡೆ ತಿರುಗೋದೇ ಇಲ್ಲಿನ ದೊಡ್ಡ ಭಯ. ಪ್ಯಾಕಿಂಗ್ ಎಡಬಲ ಸಮ ಇಲ್ಲದಿದ್ರೆ ಆಗುತ್ತೆ. ಬಿಚ್ಚೋ ಕ್ಷಣದಲ್ಲಿ ಒಂದು ಭುಜ ಇಳಿದಿದ್ರೂ ಆಗುತ್ತೆ. ಆಗ ಹಿಂದಿನ ರೈಸರ್ (ಭುಜದಿಂದ ಹಗ್ಗಗಳಿಗೆ ಹೋಗೋ ಪಟ್ಟಿ) ಎಳೆದು ತಿರುಗಿಸಬೇಕು. ಅದಕ್ಕೆ ಪುರುಸೊತ್ತು ಸಿಗಲಿ ಅಂತಲೇ ಬ್ರೇಕ್ ಹಗ್ಗಗಳನ್ನ ಮೊದಲೇ ಆಳಕ್ಕೆ ಎಳೆದು ಕಟ್ಟಿರ್ತಾರೆ, ಕ್ಯಾನೊಪಿ ಮುಂದಕ್ಕೆ ನುಗ್ಗಲ್ಲ. ತೀರಾ ಆಳವಾದ್ರೆ ಸ್ಟಾಲ್ ಆಗಿ, ಅಂದ್ರೆ ತೇಲೋ ಬಲ ಕಳಕೊಂಡು, ಹಿಂದಕ್ಕೆ ಬೀಳುತ್ತೆ. ಇಷ್ಟು ಲೆಕ್ಕ ಹಾಕೋರನ್ನ ‘ಹುಚ್ಚರು’ ಅಂತ ತೋರಿಸೋಕೆ ಇವರದೇ ಬಳಗದವನು ಬೇಕಿತ್ತಾ?

‘ಬಟ್ಟೆ ಮಡಚೋದನ್ನ ಯಾರಪ್ಪಾ ನೋಡ್ತಾರೆ?’ ಅಂತೀರಿ. ಜಿಮ್ಮಿ ಚಿನ್ ಸ್ವತಃ ಬಂಡೆ ಹತ್ತುವವನು. ಅಲೆಕ್ಸ್ ಹೊನ್ನಾಲ್ಡ್ 2017ರ ಜೂನ್ 3ರಂದು ಹಗ್ಗವಿಲ್ಲದೆ ಅಮೆರಿಕದ ಎಲ್ ಕ್ಯಾಪಿಟನ್ ಅನ್ನೋ ದೈತ್ಯ ಬಂಡೆ ಹತ್ತಿದ್ದನ್ನ ಚಿನ್ ಮತ್ತು ಎಲಿಜಬೆತ್ ಚಾಯ್ ವಸರ್ಹೆಲಿ ‘ಫ್ರೀ ಸೋಲೋ’ ಅನ್ನೋ ಚಿತ್ರ ಮಾಡಿದ್ರು. ಹಗ್ಗ ಕಟ್ಟಿಕೊಂಡು ಅದದೇ ಹಿಡಿತಗಳನ್ನ ಮತ್ತೆ ಮತ್ತೆ ಅಭ್ಯಾಸ ಮಾಡೋದು ಅದರಲ್ಲಿ ಬೇಕಾದಷ್ಟಿದೆ. ಮೇಲೆ ನೇತಾಡುತ್ತಿದ್ದ ಕ್ಯಾಮೆರಾದವರೂ ಹತ್ತೋ ಜನವೇ. ಅತಿ ಕಷ್ಟದ ಜಾಗದಲ್ಲಿ ಮನುಷ್ಯರನ್ನ ನಿಲ್ಲಿಸದೆ ದೂರದಿಂದ ನಡೆಸೋ ಕ್ಯಾಮೆರಾ ಇಟ್ಟಿದ್ರು, ಹೊನ್ನಾಲ್ಡ್ ಗಮನ ಕದಡಬಾರದು ಅಂತ. ಜನ ನೋಡಿದ್ರು, 2019ರಲ್ಲಿ ಆಸ್ಕರ್ ಕೂಡ ಬಂತು. ಆ ವಾದ ಅಲ್ಲಿಗೆ ಸಾಕು.

ನಮ್ಮ ಮಹಾನುಭಾವರ ಚಿತ್ರದಲ್ಲಿ ಹೆಲ್ಮೆಟ್ ಕ್ಯಾಮೆರಾದ ದೃಶ್ಯಗಳಿಗೇನೂ ಬರ ಇಲ್ಲ. ಆದ್ರೆ ತಲೆ ಮೇಲೆ ಎದ್ದು ನಿಂತ ಕ್ಯಾಮೆರಾಕ್ಕೆ ಹಗ್ಗ ಸಿಕ್ಕಿಹಾಕಿಕೊಳ್ಳಬಹುದು, ಆಗ ಹೆಲ್ಮೆಟನ್ನೇ ಕಳಚಿ ಎಸೆಯೋಕೆ ಗದ್ದದ ಪಟ್ಟಿ ಒಂದೇ ಎಳೆತಕ್ಕೆ ಬಿಚ್ಚಬೇಕು ಅನ್ನೋ ಮಾತೇ ಇಲ್ಲ. ವಿಮಾನದಿಂದ ಹಾರೋರಿಗೇ, ಕನಿಷ್ಠ 200 ಜಿಗಿತ ಆಗೋವರೆಗೆ ಕ್ಯಾಮೆರಾ ಬೇಡ ಅನ್ನುತ್ತೆ ಅಮೆರಿಕದ ಪ್ಯಾರಾಚೂಟ್ ಸಂಘ. ಈ ಚಿತ್ರ ನೋಡಿದ ಹುಡುಗರು ಮೊದಲು ಹುಡುಕೋದು ಯಾವುದನ್ನ ಹೇಳಿ? ಕ್ಯಾಮೆರಾನ!