ಹಾಸಿಗೆ ನೋಡಲು ಬರುತ್ತಿದ್ದ ನಾಲ್ವರು ನೈಟರು

ಕಾಯಿಲೆ ಬಿದ್ದವನು ನ್ಯಾಯಾಲಯದಲ್ಲಿ ವಾಯಿದೆ ಕೇಳುವುದು ತಪ್ಪಲ್ಲ. ಆದರೆ ಆ ಕಾಯಿಲೆ ನಿಜವೇ ಎಂದು ವಿಚಾರಿಸುವ ಹೊಣೆ ನ್ಯಾಯಾಲಯದ್ದು. ಮಧ್ಯಯುಗದ ಇಂಗ್ಲೆಂಡಿನ ‘ಎಸಾಯಿನ್’ ಪದ್ಧತಿಯ ಬಗ್ಗೆ ಓದಿದ ಮೇಲೆ ಈ ಮಾತನ್ನು ಇನ್ನಷ್ಟು ಗಟ್ಟಿಯಾಗಿ ಹೇಳಬೇಕೆನಿಸಿದೆ.

ಗೈರುಹಾಜರಿಗೆ ಕಾರಣ ಹೇಳಿ ಕಳುಹಿಸುವುದೇ ಎಸಾಯಿನ್. ಹನ್ನೆರಡನೇ ಶತಮಾನದ ದೊರೆ ಎರಡನೇ ಹೆನ್ರಿಯ ಕಾಲದ, ಗ್ಲಾನ್‌ವಿಲ್ ಹೆಸರಿನಲ್ಲಿರುವ ಕಾನೂನು ಗ್ರಂಥ ಇದನ್ನು ವಿಸ್ತಾರವಾಗಿ ವಿವರಿಸುತ್ತದೆ. ದಾರಿಯಲ್ಲಿ ಅಸ್ವಸ್ಥನಾದೆ, ಕಡಲಾಚೆ ಇದ್ದೇನೆ, ದೊರೆಯ ಸೇವೆಯಲ್ಲಿದ್ದೇನೆ, ಜೆರುಸಲೇಮಿನ ಯಾತ್ರೆಗೆ ಹೊರಟಿದ್ದೇನೆ: ಎಲ್ಲಕ್ಕೂ ಬೇರೆ ಬೇರೆ ನಿಯಮ. ‘ಹಾಸಿಗೆ ಹಿಡಿದಿದ್ದೇನೆ’ ಎಂಬ ಕಾರಣದ ಮೇಲೆ ಮಾತ್ರ ಎಲ್ಲಿಲ್ಲದ ನಿಗಾ. ಜಮೀನಿನ ವ್ಯಾಜ್ಯದಲ್ಲಿ ಹಾಗೆ ಹೇಳಿ ಕಳುಹಿಸಿದವನ ಮನೆಗೆ ನಾಲ್ವರು ನೈಟರು, ಅಂದರೆ ಸರದಾರರು, ಹೋಗಿ ಕಣ್ಣಾರೆ ನೋಡುತ್ತಿದ್ದರು. ಕಾಯಿಲೆ ನಿಜವೆಂದು ಕಂಡರೆ ಒಂದು ವರ್ಷ ಒಂದು ದಿನದ ಗಡುವು. ಆ ಅವಧಿಯಲ್ಲಿ ಅವನು ಅಪ್ಪಣೆಯಿಲ್ಲದೆ ಹಾಸಿಗೆ ಬಿಟ್ಟು ಏಳುವಂತಿಲ್ಲ. ಬೂಟು ತೊಟ್ಟು, ನಡುಪಟ್ಟಿ ಬಿಗಿದು ಓಡಾಡುತ್ತಿದ್ದುದು ಎದುರಾಳಿಯ ಕಣ್ಣಿಗೆ ಬಿದ್ದರೆ ಜಮೀನೇ ಕೈತಪ್ಪುವ ಅಪಾಯವಿತ್ತು.

ಇಷ್ಟಾದರೂ ಜನ ಸಂದಿ ಹುಡುಕಿದರು. ಜಂಟಿ ಹಕ್ಕುದಾರರಲ್ಲಿ ಈ ಸಲ ಒಬ್ಬ ಹಾಜರು, ಇನ್ನೊಬ್ಬನಿಗೆ ಹುಷಾರಿಲ್ಲ; ಮುಂದಿನ ಸಲ ಇವನಿಗೆ ಹುಷಾರಿಲ್ಲ, ಅವನು ಹಾಜರು. ಇಬ್ಬರೂ ಒಟ್ಟಿಗೆ ಬರುವ ದಿನವೇ ಇಲ್ಲ! 1275ರ ವೆಸ್ಟ್‌ಮಿನ್‌ಸ್ಟರ್ ಶಾಸನ ಈ ಸರದಿ ಆಟಕ್ಕೆ ಕಡಿವಾಣ ಹಾಕಿತು. ಇಂಗ್ಲೆಂಡಿನಲ್ಲೇ ಇದ್ದುಕೊಂಡು ಕಡಲಾಚೆ ಇದ್ದೇನೆಂದು ಸುಳ್ಳು ಹೇಳುವವರಿಗೂ ಅದರಲ್ಲಿ ಮದ್ದಿತ್ತು.

ಆ ಕಾಲದ ನ್ಯಾಯವೆಲ್ಲ ಚೆನ್ನಾಗಿತ್ತು ಎಂದು ನಾನು ಹೇಳುತ್ತಿಲ್ಲ; ವ್ಯಾಜ್ಯ ತೀರ್ಮಾನಕ್ಕೆ ದ್ವಂದ್ವಯುದ್ಧವನ್ನೂ ಒಪ್ಪಿದ್ದ ಕಾಲ ಅದು. ಆದರೆ ಗೈರುಹಾಜರಾದವನ ಮಾತಿಗೆ ಪುರಾವೆ ಬೇಕು, ಹಾಜರಾದವನ ಸಮಯಕ್ಕೆ ಬೆಲೆಯಿದೆ ಎಂಬ ಅರಿವು ಅಲ್ಲಿತ್ತು.

ನಮ್ಮ ಸಿವಿಲ್ ಪ್ರಕ್ರಿಯಾ ಸಂಹಿತೆಯ 17ನೇ ಆದೇಶವೂ ಒಬ್ಬ ಕಕ್ಷಿದಾರನಿಗೆ ಮೂರಕ್ಕಿಂತ ಹೆಚ್ಚು ವಾಯಿದೆ ಕೊಡುವಂತಿಲ್ಲ ಎನ್ನುತ್ತದೆ. ಅಸಾಧಾರಣ ಸಂದರ್ಭದಲ್ಲಿ ಇದನ್ನು ಸಡಿಲಿಸಬಹುದು ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ಹೇಳಿತು. ಅದು ಸರಿಯೇ. ಆದರೆ ಅಸಾಧಾರಣವೇ ದಿನಚರಿಯಾದರೆ? ಯಾರೂ ಪರಿಶೀಲಿಸದ ವೈದ್ಯರ ಚೀಟಿಯೊಂದು ಕಡತ ಸೇರುತ್ತದೆ. ಕೂಲಿ ಬಿಟ್ಟು, ಮೊದಲ ಬಸ್ಸಿಗೆ ಹೊರಟು ಬಂದ ರೈತ ಮುಂದಿನ ತಾರೀಖು ಬರೆದುಕೊಂಡು ಹಿಂದಿರುಗುತ್ತಾನೆ. ವಾಯಿದೆಯ ಖರ್ಚನ್ನು ಎದುರು ಕಕ್ಷಿಗೆ ಕೊಡಿಸಲು ಅದೇ ಆದೇಶದಲ್ಲಿ ಅವಕಾಶವಿದೆ. ಆ ರೈತನ ಬಸ್ ಚಾರ್ಜು, ಒಂದು ದಿನದ ಕೂಲಿಯನ್ನಾದರೂ ವಾಯಿದೆ ಕೇಳಿದವರಿಂದ ಅದೇ ದಿನ, ನ್ಯಾಯಾಧೀಶರ ಎದುರಿನಲ್ಲೇ ಕೊಡಿಸಬೇಕು.