ಮುರಿದ ಕಾಲಿಗೆ ಏಳು ಅಕ್ಷರದ ಜಾತಕ

ಶಿರಸಿ ಕಡೆ ಯಾರಾದರೂ ಅಡಿಕೆ ಮರದಿಂದ ಬಿದ್ದು ಕಾಲು ಮುರಿದುಕೊಂಡರೆ ಊರವರು ಕೇಳುವುದು ಒಂದೇ ಪ್ರಶ್ನೆ. ಹುಬ್ಬಳ್ಳಿಗೆ ಒಯ್ದ್ರೋ, ಮಣಿಪಾಲಕ್ಕೋ? ಕಾರವಾರದವರಾದರೆ ಗೋವಾ ಅಂತ ಇನ್ನೊಂದು ಆಯ್ಕೆ. ಎಡಗಾಲೋ ಬಲಗಾಲೋ ಅಂತ ಯಾರೂ ಕೇಳುವುದಿಲ್ಲ, ಹೋಗಿ ನೋಡಿದರೆ ಕಾಣುತ್ತದೆ ಅಲ್ವಾ.

ಆದರೆ ಅದೇ ಊರಿನ ಮಾಣಿಯೊಬ್ಬ ಜಗಲಿ ಮೇಲೆ ಲ್ಯಾಪ್‌ಟಾಪ್ ಇಟ್ಕೊಂಡು, ಕರೆಂಟು ನೆಟ್‌ವರ್ಕು ಎರಡೂ ಒಟ್ಟಿಗೆ ಇದ್ದಾಗ, ಅಮೆರಿಕದ ಯಾರದೋ ಕಾಲಿಗೆ ಜಾತಕ ಬರೆಯುತ್ತಿರುತ್ತಾನೆ. ರೋಗಿಯ ದಾಖಲೆ ಓದಿ, ಕಾಯಿಲೆಗೂ ಗಾಯಕ್ಕೂ ಬಿಲ್ಲಿಗೆ ಬೇಕಾದ ಕೋಡು ಬರೆಯುವ ಕೆಲಸ. ಮೆಡಿಕಲ್ ಕೋಡಿಂಗ್ ಅಂತಾರೆ ಇದಕ್ಕೆ. ಆ ದೇಶ 2015ರ ಅಕ್ಟೋಬರ್ 1ರಿಂದ ಐಸಿಡಿ-10-ಸಿಎಂ ಅನ್ನುವ ಪಟ್ಟಿ (ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯ ಅಮೆರಿಕನ್ ರೂಪ) ಹಿಡಿದಿದೆ. ಅದರಲ್ಲಿ 70,000ಕ್ಕೂ ಹೆಚ್ಚು ಕೋಡುಗಳಿವೆ. ಮೊಣಕಾಲ ಚಿಪ್ಪಿನಿಂದ ಹರಡಿನವರೆಗೆ ಎಲ್ಲಿ ಮುರಿದರೂ ಎಸ್82. ಮೊಣಕಾಲ ಕೆಳಗಿನ ದೊಡ್ಡ ಎಲುಬು ಟಿಬಿಯಾದ ನಡುಭಾಗವಾದರೆ ಎಸ್82.2. ಅಡ್ಡ ಮುರಿದಿದೆಯೋ, ಓರೆಯೋ, ತಿರುಚಿಯೋ, ಚೂರುಚೂರೋ? ಎಲುಬು ಜಾಗ ಬಿಟ್ಟು ಜರುಗಿದೆಯೋ ಇಲ್ಲವೋ? ಎಡವೋ ಬಲವೋ? ಬಲಗಾಲಿನ ಟಿಬಿಯಾ ಚೂರಾಗಿ ಜರುಗಿದ್ದು, ಚರ್ಮ ಹರಿಯದೆ ಉಳಿದಿದ್ದರೆ ಎಸ್82.251ಎ. ಎಡಗಾಲಾದರೆ 252ಎ.

ಮಜಾ ಇರುವುದು ಆ ಕೊನೇ ಅಕ್ಷರದಲ್ಲಿ. ಇಂಥ ಮುರಿತಕ್ಕೆ ಹದಿನಾರು ಅಕ್ಷರ ಇಟ್ಟಿದ್ದಾರೆ. 'ಎ' ಅಂದರೆ ಮೊದಲ ಭೇಟಿ. ಆದರೆ ಮೊದಲ ಭೇಟಿ ಅಂದರೆ ಮೊದಲ ಸಲ ಹೋಗಿದ್ದು ಅಂತಲ್ಲ! ನೇರ ಚಿಕಿತ್ಸೆ ನಡೆಯುವವರೆಗೂ, ಆಸ್ಪತ್ರೆ ಬದಲಾಗಲಿ, ಡಾಕ್ಟರು ಬದಲಾಗಲಿ, ನಾಲ್ಕನೇ ಭೇಟಿಯೂ ಮೊದಲ ಭೇಟಿಯೇ. ಸರಿಯಾಗಿ ವಾಸಿಯಾಗುತ್ತಿದ್ದರೆ 'ಡಿ', ತಡವಾದರೆ 'ಜಿ', ಎಲುಬು ಕೂಡದೇ ಹೋದರೆ 'ಕೆ', ಸೊಟ್ಟ ಕೂಡಿದರೆ 'ಪಿ'. ಇನ್ನು ಡಾಕ್ಟರು ಜರುಗಿದೆಯೋ ಇಲ್ಲವೋ ಅಂತ ಬರೆಯದೇ ಬಿಟ್ಟರೆ? ಜರುಗಿದೆ ಅಂತಲೇ ಹಿಡಿಯಬೇಕು, ಅದು ನಿಯಮ. ಎಲುಬು ಇದ್ದಲ್ಲೇ ಇರುತ್ತದೆ ಪಾಪ, ಕಾಗದದ ಮೇಲೆ ಜರುಗುತ್ತದೆ.

ಹೇಗೆ ಮುರಿಯಿತು ಅನ್ನುವುದಕ್ಕೆ ಬೇರೆ ಕೋಡು. ಬಾತುಕೋಳಿ ಗುದ್ದಿದರೆ ಡಬ್ಲ್ಯೂ61.62, ದನ ಗುದ್ದಿದರೆ ಡಬ್ಲ್ಯೂ55.22. ನೀವೇ ಬೈಕಿನಲ್ಲಿ ಹೋಗಿ ದನಕ್ಕೆ ಗುದ್ದಿದರೆ ವಿ20. ಹೆದ್ದಾರಿ 66ರ ಮೇಲೆ ರಾತ್ರಿ ಮಲಗಿರುವ ದನಗಳಿಗೆ ಈ ವ್ಯತ್ಯಾಸ ಯಾರಾದರೂ ಹೇಳಿಕೊಡಬೇಕು. ಮರದಿಂದ ಬಿದ್ದರೆ ಡಬ್ಲ್ಯೂ14. ಅಲ್ಲಿಗೆ ಅಕ್ಷರ ಕಮ್ಮಿ ಬೀಳುವುದರಿಂದ ಬಸ್ಸಿನ ಸೀಟಿಗೆ ಟವೆಲ್ ಹಾಕಿದ ಹಾಗೆ ಮೂರು ಎಕ್ಸ್ ಹಾಕಿ, ಏಳನೇ ಸೀಟಿನಲ್ಲಿ 'ಎ' ಕೂರಿಸುತ್ತಾರೆ. ಬಿದ್ದ ಜಾಗಕ್ಕೂ ನಂಬರುಂಟು. ಒಪೆರಾ ಹೌಸಿಗೆ ಒಂದು, ಕೋಳಿಗೂಡಿಗೆ ಒಂದು, ಹಣ್ಣಿನ ತೋಟಕ್ಕೆ ಒಂದು. ಅಡಿಕೆ ತೋಟವನ್ನು ಸದ್ಯ ಹಣ್ಣಿನ ತೋಟದಲ್ಲೇ ಸುಧಾರಿಸಿಕೊಳ್ಳಬೇಕು.

ಕಾಲಿಗೆ ಪ್ಲಾಸ್ಟರ್ ಹಾಕಿಕೊಂಡು ಕೂತ, ಮರ ಹತ್ತಿ ಅಡಿಕೆ ಕೊನೆ ಕೊಯ್ಯುವ ಕೊನೆಗೌಡ ಇದನ್ನೆಲ್ಲ ಕೇಳಿ, "ತಮಾ, ಇಷ್ಟೆಲ್ಲಾ ಬರೆದ್ರೆ ಎಲುಬು ಬೇಗ ಕೂಡ್ತದಾ?" ಅಂದ.

"ಇಲ್ಲ ಗೌಡ್ರೆ, ಬಿಲ್ಲು ಬೇಗ ಪಾಸಾಗ್ತದೆ."

ಅದೂ ಅಮೆರಿಕದ್ದು. ಇಲ್ಲಿ ಆ ಭಾಗ್ಯವೂ ಇಲ್ಲ. ನಮ್ಮಲ್ಲಿ ಸರಕಾರಿ ಯೋಜನೆಯಲ್ಲಿ ಖಾಸಗಿ ಆಸ್ಪತ್ರೆಗೆ ಹೋಗಬೇಕೆಂದರೆ, ತುರ್ತು ಅಲ್ಲದಿದ್ದರೆ, ಮೊದಲು ಸರಕಾರಿ ಆಸ್ಪತ್ರೆಯ ರೆಫರಲ್ ಪತ್ರ ತರಬೇಕು. ಖಾಸಗಿ ವಿಮೆಯಾದರೆ ಕ್ವೆರಿ ಬರುತ್ತದೆ: ಡಿಸ್ಚಾರ್ಜ್ ಸಮ್ಮರಿಯಲ್ಲಿ ಬಲಗಾಲು, ಎಕ್ಸ್‌ರೇ ರಿಪೋರ್ಟಿನಲ್ಲಿ ಎಡಗಾಲು, ದಯವಿಟ್ಟು ಸ್ಪಷ್ಟಪಡಿಸಿ. ಸ್ಪಷ್ಟಪಡಿಸಲು ಪ್ಲಾಸ್ಟರ್ ಹಾಕಿದ ಕಾಲನ್ನೇ ಕೌಂಟರ್ ಮೇಲೆ ಇಟ್ಟರೂ ನಡೆಯುವುದಿಲ್ಲ. ಕಾಲು ದಾಖಲೆ ಅಲ್ಲ. ಡಾಕ್ಟರ ಸಹಿ, ಸೀಲು ಬೇಕು. ಆ ಡಾಕ್ಟರು ಘಟ್ಟದ ಆಚೆಗಿದ್ದಾರೆ.

ಇಷ್ಟು ಕೋಡುಗಳ ನಡುವೆ ನಮ್ಮ ಉತ್ತರ ಕನ್ನಡ ಜಿಲ್ಲೆಗೆ ಅಂತಲೇ ಬರೆದಿಟ್ಟಂಥದ್ದು ಒಂದಿದೆ. ಸುಳ್ಳಲ್ಲ, ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲೇ ಇದೆ. ಝಡ್75.3: ಆರೋಗ್ಯ ಸೌಲಭ್ಯ ಇಲ್ಲದಿರುವುದು ಅಥವಾ ಕೈಗೆ ಸಿಗದಿರುವುದು. ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಕೊಡಿ ಅಂತ 2022ರಲ್ಲಿ ಇಲ್ಲಿನ ಜನ ಟ್ವಿಟರ್ ತುಂಬ ಕೂಗಿದ್ದರಲ್ಲ, ಅಷ್ಟು ಕಷ್ಟಪಡುವ ಅಗತ್ಯ ಇರಲಿಲ್ಲ ನೋಡಿ, ಸುಮ್ನೆ ಈ ನಾಲ್ಕು ಅಕ್ಷರ ಬರೆದಿದ್ದರೆ ಸಾಕಿತ್ತು. ಹುಬ್ಬಳ್ಳಿಗೆ ಹೊರಟ ಪ್ರತಿ ಆಂಬುಲೆನ್ಸಿನ ಹಣೆ ಮೇಲೆ ಈಗಲೂ ಬರೆಯಬಹುದು.

ಮಾಣಿಯ ಹತ್ತಿರ ಇದರ ಕೊನೇ ಅಕ್ಷರ ಯಾವುದಪ್ಪಾ ಅಂತ ಕೇಳಿದೆ, ಚಿಕಿತ್ಸೆ ನಡೀತಾ ಇದೆ ಅನ್ನುವ 'ಎ' ಆದರೂ ಇರಬಹುದು ಅಂತ. "ಇದಕ್ಕೆ ಏಳನೇ ಅಕ್ಷರ ಇಲ್ಲ ಭಾವ," ಅಂದ. ಅಷ್ಟರಲ್ಲಿ ಕರೆಂಟು ಹೋಯಿತು.